ದನಿ ಒಡೆಯುವ ವಯಸ್ಸು

ಸಂಜೆಯ ಪೂಜೆಯಾದ ಬಳಿಕ ಮನೆಮಂದಿಯೆಲ್ಲ ಕೂಡಿ ವಚನ ಹಾಡುವ ರೂಢಿ ನಮ್ಮಲ್ಲಿದೆ. ಹದಿಮೂರು-ಹದಿನಾಲ್ಕರ ಹುಡುಗರು ಈ ಕೂಟದಿಂದ ಮೆಲ್ಲನೆ ಹಿಂದೆ ಸರಿಯುವುದನ್ನು ನಾವು ಅನೇಕ ಮನೆಗಳಲ್ಲಿ ಕಂಡಿದ್ದೇವೆ. ದನಿ ಒಡೆದಾಗ ಯಾರೋ ನಕ್ಕಿರುತ್ತಾರೆ. ಹುಡುಗ ಹಾಡುವುದನ್ನೇ ಬಿಟ್ಟಿರುತ್ತಾನೆ.

ಈ ಒಡಕಿನ ಕಾರಣವನ್ನು ಹಿರಿಯರು ಅರಿಯಬೇಕು. ನಮ್ಮ ಕಂಠದಲ್ಲಿರುವ ಎರಡು ಧ್ವನಿತಂತುಗಳು ಉಸಿರಿನ ಒತ್ತಡದಿಂದ ಕಂಪಿಸಿದಾಗ ನಾದ ಹುಟ್ಟುತ್ತದೆ. ಮಾತನಾಡುವಾಗ ಈ ಕಂಪನಗಳು ಸೆಕೆಂಡಿಗೆ ಮಕ್ಕಳಲ್ಲಿ ಸುಮಾರು 250ರಿಂದ 300, ಸ್ತ್ರೀಯರಲ್ಲಿ ಸುಮಾರು 200, ಪುರುಷರಲ್ಲಿ ಸುಮಾರು 120. ತಂತುಗಳನ್ನು ಎಳೆದು ಬಿಗಿದರೆ ಸ್ವರ ಏರುತ್ತದೆ, ಸಡಿಲಿಸಿದರೆ ಇಳಿಯುತ್ತದೆ. ಆ ನಾದಕ್ಕೆ ಗಂಟಲು, ಬಾಯಿ, ಮೂಗುಗಳ ಆಕಾರವು ಅವರವರದೇ ಆದ ಬಣ್ಣವನ್ನು ಕೊಡುತ್ತದೆ. ಆದ್ದರಿಂದಲೇ ಕೂಸು ಕತ್ತಲಲ್ಲಿಯೂ ತಾಯಿಯ ದನಿಯನ್ನು ಗುರುತಿಸಬಲ್ಲುದು.

ಪ್ರಾಯಕ್ಕೆ ಬರುವಾಗ ಹುಡುಗನ ಧ್ವನಿಪೆಟ್ಟಿಗೆ ಬೇಗನೆ ಬೆಳೆಯುತ್ತದೆ. ತಂತುಗಳು ಉದ್ದವಾಗಿ, ದಪ್ಪವಾಗಿ, ದನಿಯು ಸುಮಾರು ಒಂದು ಸಪ್ತಕದಷ್ಟು ಕೆಳಗಿಳಿಯುತ್ತದೆ. ಈ ಹೊಸ ಅಳತೆಗೆ ಸ್ನಾಯುಗಳು ಹೊಂದಿಕೊಳ್ಳಲು ಕೆಲವು ತಿಂಗಳು ಬೇಕಾಗುತ್ತವೆ. ಹೆಣ್ಣುಮಕ್ಕಳಲ್ಲಿಯೂ ಈ ಬದಲಾವಣೆ ಉಂಟು, ಆದರೆ ಅಲ್ಪ.

ಬಾಲ್ಯದಲ್ಲಿ ನಾಟಕ ಮಂಡಳಿ ಸೇರಿದ್ದ ಮಲ್ಲಿಕಾರ್ಜುನ ಮನ್ಸೂರರು (1910–1992) ಮುಂದೆ ವಚನಗಳನ್ನು ಹಾಡಿ ನಾಡನ್ನು ತಣಿಸಿದರು. ಅಂಥ ಕಂಠವೂ ಈ ಘಟ್ಟವನ್ನು ದಾಟಿಯೇ ಬಂದಿತು. ಆದುದರಿಂದ ತಂದೆತಾಯಿಗಳೇ, ಆ ದಿನಗಳಲ್ಲಿ ಮಗನನ್ನು ನೋಡಿ ನಗಬೇಡಿರಿ. ಗಟ್ಟಿಯಾಗಿ ಹಾಡೆಂದು ಒತ್ತಾಯಿಸಲೂ ಬೇಡಿರಿ. ಶ್ರುತಿಯನ್ನು ತುಸು ತಗ್ಗಿಸಿ, ಅವನನ್ನು ಪಕ್ಕದಲ್ಲಿಯೇ ಕೂರಿಸಿಕೊಳ್ಳಿರಿ.