ಹೂವಿನ ಹಿಂದಿನ ಮುಖ

ಊರಿಗೆ ಹೋದಾಗಲೆಲ್ಲ ಧಾರವಾಡದ ನಮ್ಮಣ್ಣ ಕೇಳುತ್ತಾನೆ: "ಅಲ್ಲೋ ತಮ್ಮಾ, ನಿನ್ನ ಮಗಳು ಫೇಸ್‌ಬುಕ್ಕಿನಾಗ ಮಾರಿ ಬಿಟ್ಟು ದಾಸವಾಳ ಹೂವಿನ ಫೋಟೋ ಯಾಕ ಹಾಕ್ಯಾಳ? ಮುಚ್ಚಿಡೂವಂಥದ್ದು ಏನೈತಿ?"

ಅವನ ಪ್ರಶ್ನೆ ಊರಿಗೆ ಸರಿಯಾದದ್ದೇ. ಅಲ್ಲಿ ಮುಖ ನೋಡಿದರೆ ಯಾರ ಮಗಳೆಂದು ಗೊತ್ತಾಗುತ್ತದೆ, ಆ ಗುರುತೇ ಅವಳಿಗೆ ಕಾವಲು. ಮುಂಬಯಿಯ ಲೋಕಲ್ ರೈಲಿನಲ್ಲಿ ದಿನಾ ಸಾವಿರ ಜನ ಮುಖ ನೋಡುತ್ತಾರೆ, ಯಾರೆಂದು ಒಬ್ಬರಿಗೂ ಗೊತ್ತಿರುವುದಿಲ್ಲ. ಇಂಟರ್‌ನೆಟ್ಟು ಇದಕ್ಕಿಂತ ದೊಡ್ಡ ರೈಲು. ಅಲ್ಲಿ ಮುಖ ಕದ್ದವನನ್ನು ಕರೆದು ಕೇಳಲು ಓಣಿಯ ಹಿರಿಯರಿಲ್ಲ.

ಡೊಂಬಿವಲಿಯ ನಮ್ಮ ಕಟ್ಟಡದಲ್ಲಿ ಒಂಟಿಯಾಗಿರುವ ಕನ್ನಡದ ಹೆಣ್ಣುಮಗಳೊಬ್ಬರಿದ್ದಾರೆ. ಅವರ ಫೋಟೋ ಎತ್ತಿಕೊಂಡು ಯಾರೋ ಅವರದೇ ಹೆಸರಿನಲ್ಲಿ ಇನ್ನೊಂದು ಖಾತೆ ತೆರೆದರು. ಆಸ್ಪತ್ರೆ ಖರ್ಚಿಗೆಂದು ಪರಿಚಯದವರಲ್ಲಿ ದುಡ್ಡು ಕೇಳಿದರು. ಊರಿನ ಇಬ್ಬರು ಕಳಿಸಿಯೂ ಬಿಟ್ಟರು. ಅಂದಿನಿಂದ ಅವರೂ ಹೂವಿನ ಚಿತ್ರ ಹಾಕಿಕೊಂಡಿದ್ದಾರೆ. ನೋಡಿ, ಮುಖವಿದ್ದ ಖಾತೆ ಸುಳ್ಳು, ಹೂವಿದ್ದದ್ದೇ ಖರೆ!

2023ರ ನವೆಂಬರಿನಲ್ಲಿ ನಮ್ಮ ಕೊಡಗಿನ ನಟಿ ರಶ್ಮಿಕಾ ಮಂದಣ್ಣ ಅವರ ಮುಖವನ್ನು ಬೇರೊಬ್ಬರ ವಿಡಿಯೋಕ್ಕೆ ಅಂಟಿಸಿದ್ದು ನೆನಪಿರಬೇಕು. 2024ರ ಜನವರಿಯಲ್ಲಿ ದೆಹಲಿ ಪೊಲೀಸರು ಆರೋಪಿಯನ್ನು ಹಿಡಿದರು. ಹೆಸರಾದವರಿಗೆ ಸುದ್ದಿ ಮಾಧ್ಯಮವಿದೆ. ಸಾಮಾನ್ಯರ ಮನೆಯ ಹುಡುಗಿಗೆ ಯಾರಿದ್ದಾರೆ?

ಮುಖ ಮುಚ್ಚಿಕೊಂಡು ಬೈಯುವವರೂ ಇದ್ದಾರೆ, ಇಲ್ಲವೆನ್ನುವುದಿಲ್ಲ. ಆದರೆ ತನ್ನ ಮುಖ ಮರೆಮಾಡುವವರನ್ನೂ ಪರರ ಮುಖ ಕದಿಯುವವರನ್ನೂ ಒಂದೇ ತಕ್ಕಡಿಗೆ ಹಾಕಬಾರದು. ಬ್ಯಾಂಕಿನಲ್ಲಿ ಗ್ರಾಹಕರ ಫೋಟೋ, ಮಾದರಿ ಸಹಿ ಇಟ್ಟುಕೊಳ್ಳುತ್ತಿದ್ದೆವು. 2002ರಲ್ಲಿ ರಿಸರ್ವ್ ಬ್ಯಾಂಕಿನ ಕೆವೈಸಿ ಸೂಚನೆ ಬಂದ ಮೇಲಂತೂ ಗುರುತು, ವಿಳಾಸ ಎಲ್ಲದಕ್ಕೂ ಪುರಾವೆ ಬೇಕಾಯಿತು. ಹಾಗಂತ ಅವರ ಲೆಕ್ಕವನ್ನು ನೆರೆಮನೆಯವರಿಗೆ ಹೇಳುತ್ತಿದ್ದೆವೇ? ಗುರುತು ಸಂಬಂಧಪಟ್ಟವರಿಗೆ ತಿಳಿದಿದ್ದರೆ ಸಾಕು, ಬೀದಿಗೆ ಬರಬೇಕಿಲ್ಲ.

ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು 2012ರಲ್ಲಿ ಆಧಾರ್ ವಿರುದ್ಧ ಹಾಕಿದ ಅರ್ಜಿಯಿಂದಲೇ ಖಾಸಗಿತನದ ಪ್ರಶ್ನೆ ಎದ್ದಿತು. 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ 9 ನ್ಯಾಯಮೂರ್ತಿಗಳು ಅದು ಮೂಲಭೂತ ಹಕ್ಕೆಂದು ಒಮ್ಮತದಿಂದ ಹೇಳಿದರು. ನನಗೆ ತಿಳಿದಂತೆ ಅದರ ಸಾರ ಇಷ್ಟೆ: ಮುಖ ಯಾರಿಗೆ ತೋರಿಸಬೇಕೆಂಬುದು ಆ ಮುಖದವರ ಇಷ್ಟ.

ಇನ್ನು ಊರಿನವರಿಗೆ ಹಳೇ ಬ್ಯಾಂಕಿನವನ ಒಂದು ಮಾತು. ಹೂವಿನ ಚಿತ್ರ ಕಂಡು ಸಂಶಯಪಡಬೇಡಿ. ಪರಿಚಯದ ಮುಖ ದುಡ್ಡು ಕೇಳಿದರೆ ಮಾತ್ರ, ನಿಮ್ಮಲ್ಲಿ ಮೊದಲೇ ಇರುವ ನಂಬರಿಗೆ ಫೋನ್ ಮಾಡಿ ವಿಚಾರಿಸಿರಿ.