ಪಿಟೀಲುಗಳ ಊರು ಕ್ರೆಮೋನಾದಲ್ಲಿ ಒಂದು ದಿನ

ಇಟಲಿ ಎಂದೊಡನೆ ನಮಗೆ ನೆನಪಾಗುವುದು ರೋಮ್, ವೆನಿಸ್ ಮತ್ತು ವಾಲಿ ನಿಂತ ಪೀಸಾ ಗೋಪುರ. ಆ ದೇಶಕ್ಕೆ ಹೋದವರು ಹೆಚ್ಚಾಗಿ ಈ ಮೂರನ್ನು ನೋಡಿ, ಫೋಟೋ ತೆಗೆಸಿಕೊಂಡು ಮರಳುತ್ತಾರೆ. ಆದರೆ ಉತ್ತರ ಇಟಲಿಯಲ್ಲಿ ಪೋ ನದಿಯ ದಡದಲ್ಲಿ ಕ್ರೆಮೋನಾ ಎಂಬ ಪಟ್ಟಣವೊಂದಿದೆ. ಜನಸಂಖ್ಯೆ ಸುಮಾರು 70 ಸಾವಿರ. ಜಗತ್ತಿನ ಅತ್ಯಂತ ಬೆಲೆಬಾಳುವ ಪಿಟೀಲುಗಳು ಹುಟ್ಟಿದ್ದು ಈ ಪುಟ್ಟ ಊರಿನ ಬೀದಿಗಳಲ್ಲಿ. ಆ ಪಿಟೀಲುಗಳಿಗಿಂತಲೂ ಅವುಗಳನ್ನು ಮಾಡುವ ವಿದ್ಯೆ ಹೇಗೆ ಉಳಿಯಿತು, ಹೇಗೆ ಅಳಿಯಿತು ಮತ್ತು ಹೇಗೆ ಮರಳಿ ಬಂತು ಎಂಬ ಕಥೆಯೇ ನನಗೆ ಹೆಚ್ಚು ಇಷ್ಟವಾಯಿತು.

ನನ್ನ ತಂಗಿಯ ಕುಟುಂಬ ಮಿಲಾನ್ ನಗರದಲ್ಲಿದೆ. ಅಲ್ಲಿಂದ ಕ್ರೆಮೋನಾಕ್ಕೆ ರೈಲಿನಲ್ಲಿ ಒಂದು ಗಂಟೆಗಿಂತ ತುಸು ಹೆಚ್ಚು ಸಮಯ ಬೇಕು. ಬೆಳಿಗ್ಗೆ ಹೊರಟರೆ ಊರೆಲ್ಲ ಸುತ್ತಿ ಸಂಜೆಗೆ ಮನೆ ಸೇರಬಹುದು. ತಂಗಿ ಚಪಾತಿ, ಪಲ್ಯದ ಬುತ್ತಿ ಕಟ್ಟಿಕೊಟ್ಟಳು. ಭಾಷೆ ಬಲ್ಲ ಅವಳ ಮಗಳು ನಮ್ಮ ಜೊತೆಗೆ ಬಂದಳು. ದಾರಿಯುದ್ದಕ್ಕೂ ಸಮತಟ್ಟಾದ ಬಯಲು, ಮೆಕ್ಕೆಜೋಳದ ಹೊಲಗಳು, ದನದ ಕೊಟ್ಟಿಗೆಗಳು. ಈ ಸೀಮೆಯ ಹಾಲಿನ ಫಾರ್ಮುಗಳಲ್ಲಿ ದುಡಿಯುವವರಲ್ಲಿ ನಮ್ಮ ಪಂಜಾಬಿನ ಸಿಖ್ಖರು ಬಹಳ ಮಂದಿ ಇದ್ದಾರೆ. ಕ್ರೆಮೋನಾದ ಸಮೀಪದ ಒಂದು ಹಳ್ಳಿಯಲ್ಲಿ 2011ರಲ್ಲಿ ದೊಡ್ಡ ಗುರುದ್ವಾರವೂ ಆರಂಭವಾಗಿದೆ.

ಗೋಪುರದ ನೆರಳಿನಲ್ಲಿ

ಊರಿನೊಳಗೆ ನಡೆದೇ ಹೋಗಬಹುದು. ಕಲ್ಲು ಹಾಸಿದ ಇಕ್ಕಟ್ಟಾದ ಬೀದಿಗಳು. ಕಿಟಕಿಗಳ ಗಾಜಿನ ಹಿಂದೆ ಬಣ್ಣ ಬಳಿಯದ ಪಿಟೀಲುಗಳು ಸಾಲಾಗಿ ತೂಗಾಡುತ್ತಿರುತ್ತವೆ. ನಮ್ಮಲ್ಲಿ ಅಂಗಳದ ಹಗ್ಗದ ಮೇಲೆ ಮಕ್ಕಳ ಬಟ್ಟೆ ಒಣಗಿಸುವಂತೆ ಅಲ್ಲಿ ಪಿಟೀಲುಗಳನ್ನು ಒಣಗಿಸುತ್ತಾರೆ. ನೂರಕ್ಕೂ ಹೆಚ್ಚು ಕಾರ್ಯಾಗಾರಗಳು ಈ ಊರಿನಲ್ಲಿವೆ.

ಊರಿನ ಮಧ್ಯದ ಚೌಕದಲ್ಲಿ ಟೊರಾಝೊ ಎಂಬ ಇಟ್ಟಿಗೆಯ ಗೋಪುರವಿದೆ. ಎತ್ತರ ಸುಮಾರು 112 ಮೀಟರ್. ಹತ್ತಲು 502 ಮೆಟ್ಟಿಲುಗಳು. ಅದರ ಮೈಮೇಲೆ 16ನೇ ಶತಮಾನದ ಬೃಹತ್ ಗಡಿಯಾರವಿದ್ದು, ಹೊತ್ತಿನೊಂದಿಗೆ ಚಂದ್ರನ ಕಲೆಗಳನ್ನೂ ತೋರಿಸುತ್ತದೆ. ಮಕ್ಕಳು ಓಡೋಡಿ ಹತ್ತಿದರು. ನಾನು ಕೆಳಗೆ ಕುಳಿತು ಚೌಕದ ಜನರನ್ನು ನೋಡುತ್ತಾ ಮೊಣಕಾಲುಗಳನ್ನು ಉಳಿಸಿಕೊಂಡೆ.

ಎಪ್ಪತ್ತು ತುಂಡುಗಳ ಪೆಟ್ಟಿಗೆ

ಚೌಕದಿಂದ ಸ್ವಲ್ಪ ದೂರದಲ್ಲಿ ಪಿಟೀಲು ವಸ್ತುಸಂಗ್ರಹಾಲಯವಿದೆ. ಇದು 2013ರಲ್ಲಿ ಆರಂಭವಾಯಿತು. ಇಲ್ಲಿ ಪಿಟೀಲು ಹೇಗೆ ತಯಾರಾಗುತ್ತದೆ ಎಂಬುದನ್ನು ಹಂತ ಹಂತವಾಗಿ ತೋರಿಸಿದ್ದಾರೆ.

ಒಂದು ಪಿಟೀಲಿನಲ್ಲಿ 70ಕ್ಕೂ ಹೆಚ್ಚು ಮರದ ತುಂಡುಗಳಿರುತ್ತವೆ. ಮೇಲಿನ ಹಲಗೆ ಸ್ಪ್ರೂಸ್ ಮರದ್ದು. ಇದು ಇಟಲಿಯ ಉತ್ತರದ ಬೆಟ್ಟಗಳಲ್ಲಿ ಚಳಿಯಲ್ಲಿ ನಿಧಾನವಾಗಿ ಬೆಳೆಯುವ, ಹಗುರವಾದ ಆದರೆ ಗಟ್ಟಿಯಾದ ಮರ. ಹಿಂಬದಿ, ಪಕ್ಕೆಗಳು ಮತ್ತು ಕತ್ತು ಮೇಪಲ್ ಮರದವು. ಬೆರಳಾಡುವ ಪಟ್ಟಿ ಕರಿಮರದ್ದು. ಮರವನ್ನು ಕಡಿದ ಕೂಡಲೇ ಬಳಸುವಂತಿಲ್ಲ, ವರ್ಷಗಟ್ಟಲೆ ಒಣಗಿಸಬೇಕು. ಪಕ್ಕೆಗಳ ತೆಳ್ಳನೆಯ ಪಟ್ಟಿಗಳನ್ನು ಬಿಸಿ ಕಬ್ಬಿಣಕ್ಕೆ ಒತ್ತಿ ಬಗ್ಗಿಸಿ, ಒಳಗಿನ ಅಚ್ಚಿನ ಸುತ್ತ ಕೂಡಿಸುತ್ತಾರೆ. ಮೇಲಿನ ಹಲಗೆಯನ್ನು ಕೆತ್ತುತ್ತಾ ಹೋದಂತೆ ಅದು ಕೊನೆಗೆ ಸುಮಾರು 3 ಮಿಲಿಮೀಟರ್‌ನಷ್ಟು ಮಾತ್ರ ದಪ್ಪ ಉಳಿಯುತ್ತದೆ. ಅಷ್ಟು ತೆಳುವಾದ ಹಲಗೆ ನಾಲ್ಕು ತಂತಿಗಳ ಸೆಳೆತವನ್ನು ನೂರಾರು ವರ್ಷ ತಡೆದುಕೊಳ್ಳುತ್ತದೆ!

ಒಂದು ಬೀದಿಯಲ್ಲಿ ಬಾಗಿಲು ತೆರೆದಿದ್ದ ಕಾರ್ಯಾಗಾರಕ್ಕೆ ಅನುಮತಿ ಕೇಳಿ ಒಳಹೋದೆವು. ಮೂವತ್ತರ ಆಸುಪಾಸಿನ ಹೆಣ್ಣುಮಗಳೊಬ್ಬಳು ಕಿಟಕಿಯ ಬೆಳಕಿಗೆ ಮುಖ ಮಾಡಿ ಕುಳಿತಿದ್ದಳು. ಅವಳ ಕೈಯಲ್ಲಿದ್ದ ಕೀಸುಳಿ ನನ್ನ ಹೆಬ್ಬೆರಳಿಗಿಂತ ದೊಡ್ಡದಿರಲಿಲ್ಲ. ಅವಳು ಹಲಗೆಯನ್ನು ಸ್ವಲ್ಪ ಹೆರೆಯುತ್ತಿದ್ದಳು, ಎತ್ತಿ ಬೆರಳಿನಿಂದ ತಟ್ಟಿ ಕಿವಿಗೊಡುತ್ತಿದ್ದಳು, ಮತ್ತೆ ಹೆರೆಯುತ್ತಿದ್ದಳು. ಮಡಕೆ ಕೊಳ್ಳುವಾಗ ನಮ್ಮ ಅಜ್ಜಿ ಬೆರಳಿನಿಂದ ತಟ್ಟಿ ನೋಡುತ್ತಿದ್ದುದು ನೆನಪಾಯಿತು.

"ಖಾಲಾ, ಒಂದಕ್ಕೆ ಎಷ್ಟು ದಿನ ಬೇಕು ಅಂತ ಕೇಳಲಾ?" ಎಂದಳು ತಂಗಿಯ ಮಗಳು.

"ಕೇಳಮ್ಮ. ಒಳಗೆ ಆ ಸಣ್ಣ ಕಡ್ಡಿ ಯಾಕೆ ಅಂತಲೂ ಕೇಳು" ಎಂದೆ.

ಒಂದು ಪಿಟೀಲಿಗೆ ಎರಡು ಮೂರು ತಿಂಗಳು ಬೇಕಂತೆ. ಇಲ್ಲಿನ ಒಬ್ಬ ಕುಶಲಕರ್ಮಿ ವರ್ಷಕ್ಕೆ ಮೂರರಿಂದ ಆರು ವಾದ್ಯಗಳನ್ನಷ್ಟೇ ಮಾಡಬಲ್ಲ. ಇನ್ನು ಆ ಕಡ್ಡಿ! ಪಿಟೀಲಿನ ಒಡಲೊಳಗೆ ಮೇಲಿನ ಮತ್ತು ಕೆಳಗಿನ ಹಲಗೆಗಳ ನಡುವೆ ಪೆನ್ಸಿಲ್‌ನಂತಹ ಒಂದು ಮರದ ಕಡ್ಡಿಯನ್ನು ನಿಲ್ಲಿಸಿರುತ್ತಾರೆ. ಅದಕ್ಕೆ ಅಂಟು ಹಾಕುವುದಿಲ್ಲ, ಒತ್ತಡದಿಂದಲೇ ನಿಂತಿರುತ್ತದೆ. ಅದನ್ನು ಕೂದಲೆಳೆಯಷ್ಟು ಸರಿಸಿದರೂ ಸ್ವರ ಬದಲಾಗುತ್ತದೆ. ಇಟಲಿಯವರು ಅದನ್ನು 'ಆನಿಮಾ' ಎನ್ನುತ್ತಾರೆ. ಎಂದರೆ ಆತ್ಮ. ಹೊರಗಿನ ಕಣ್ಣಿಗೆ ಸುಲಭವಾಗಿ ಕಾಣದ ಒಂದು ಚಿಕ್ಕ ಆಸರೆಗೆ ಇದಕ್ಕಿಂತ ಒಳ್ಳೆಯ ಹೆಸರು ಇರಲಾರದು.

ಬಾಗಿಲು ತೆರೆದವನು

ಕ್ರೆಮೋನಾದ ಕೀರ್ತಿ ಆಂದ್ರೆಯಾ ಅಮಾತಿ ಎಂಬವನಿಂದ 16ನೇ ಶತಮಾನದಲ್ಲಿ ಆರಂಭವಾಯಿತು. ಇಂದು ನಾವು ನೋಡುವ ಪಿಟೀಲಿನ ಆಕಾರಕ್ಕೆ ಅವನೇ ಖಚಿತ ರೂಪ ಕೊಟ್ಟನೆನ್ನುತ್ತಾರೆ. ಫ್ರಾನ್ಸಿನ ಅರಸ ಒಂಬತ್ತನೇ ಚಾರ್ಲ್ಸ್‌ಗಾಗಿ ಅವನು ಮಾಡಿದ ಪಿಟೀಲೊಂದು ವಸ್ತುಸಂಗ್ರಹಾಲಯದಲ್ಲಿದೆ. ಅವನ ನಂತರ ಮಕ್ಕಳು, ಮೊಮ್ಮಗ ಹೀಗೆ ವಿದ್ಯೆ ಮನೆಯೊಳಗೇ ಹರಿಯಿತು.

1630ರಲ್ಲಿ ಉತ್ತರ ಇಟಲಿಗೆ ಪ್ಲೇಗ್ ಬಡಿಯಿತು. ಅಮಾತಿ ಮನೆಯ ಹಿರಿಯನೂ ಅದಕ್ಕೆ ಬಲಿಯಾದ. ಉಳಿದವನು ಮೊಮ್ಮಗ ನಿಕೊಲೊ ಅಮಾತಿ. ಪಿಟೀಲು ತಯಾರಿಕೆಯ ಪೂರ್ಣ ವಿದ್ಯೆ ಆ ಊರಿನಲ್ಲಿ ಅವನೊಬ್ಬನ ಕೈಯಲ್ಲಿ ಉಳಿಯಿತು. ಆಗ ಅವನು ಅದುವರೆಗೆ ಮನೆಯವರಿಗೆ ಮೀಸಲಾಗಿದ್ದ ಕಾರ್ಯಾಗಾರದ ಬಾಗಿಲನ್ನು ಹೊರಗಿನ ಹುಡುಗರಿಗೆ ತೆರೆದ. ಹಾಗೆ ಬಂದವರಲ್ಲಿ ಆಂದ್ರೆಯಾ ಗ್ವಾರ್ನೇರಿ ಒಬ್ಬ. ಅವನ ಮೊಮ್ಮಗನೇ ಮುಂದೆ ಜಗತ್ಪ್ರಸಿದ್ಧನಾದ ಗ್ವಾರ್ನೇರಿ ದೆಲ್ ಜೆಸು. ಆಂಟೋನಿಯೊ ಸ್ಟ್ರಾಡಿವರಿ ಕೂಡ 1666ರ ತನ್ನ ಒಂದು ಪಿಟೀಲಿನ ಚೀಟಿಯಲ್ಲಿ ತನ್ನನ್ನು ಅಮಾತಿಯ ಶಿಷ್ಯನೆಂದು ಬರೆದುಕೊಂಡಿದ್ದಾನೆ.

ಸ್ಟ್ರಾಡಿವರಿ 90 ದಾಟಿದರೂ ಉಳಿ ಕೆಳಗಿಡಲಿಲ್ಲ. ತನ್ನ ಜೀವಮಾನದಲ್ಲಿ ಅವನು ಸಾವಿರಕ್ಕೂ ಹೆಚ್ಚು ವಾದ್ಯಗಳನ್ನು ಮಾಡಿರಬೇಕೆಂದು ಅಂದಾಜಿದೆ. ಅವುಗಳಲ್ಲಿ 650ರಷ್ಟು ಇಂದಿಗೂ ಉಳಿದಿವೆ. 1737ರಲ್ಲಿ ಅವನು ತೀರಿಕೊಂಡ. ತಂದೆಯ ನೆರಳಿನಲ್ಲೇ ದುಡಿದು ಮುದುಕರಾಗಿದ್ದ ಇಬ್ಬರು ಮಕ್ಕಳು 1742 ಮತ್ತು 1743ರಲ್ಲಿ ಹೋದರು. 1744ರಲ್ಲಿ ಗ್ವಾರ್ನೇರಿ ದೆಲ್ ಜೆಸು ಹೋದ. ಏಳೇ ವರ್ಷಗಳಲ್ಲಿ ಊರಿನ ಅತ್ಯುತ್ತಮ ಕೈಗಳು ಮಣ್ಣಾದವು. ನಿಕೊಲೊ ಮಾಡಿದಂತೆ ಬಾಗಿಲು ತೆರೆದು ಹೊಸಬರ ಪಡೆ ಕಟ್ಟುವವರು ಇರಲಿಲ್ಲ. ಕ್ರಮೇಣ ಆ ವಿದ್ಯೆ ಅಲ್ಲಿ ಆರಿಹೋಯಿತು.

ಊರೂ ಅವನನ್ನು ಮರೆಯಿತು. ಅವನ ಅಚ್ಚುಗಳು, ಉಪಕರಣಗಳು, ನಕ್ಷೆಗಳು ಮಾರಾಟವಾಗಿ ಬೇರೆ ಊರು ಸೇರಿದವು. ಅವನನ್ನು ಹೂತಿದ್ದ ಚರ್ಚನ್ನು 19ನೇ ಶತಮಾನದಲ್ಲಿ ಕೆಡವಲಾಯಿತು. ಈಗ ಆ ಜಾಗದಲ್ಲಿ ಉದ್ಯಾನವಿದೆ, ನೆನಪಿಗೆ ಒಂದು ಕಲ್ಲಿದೆ. ಮದುವೆಯಾದ ಹೊಸತರಲ್ಲಿ ಅವನು ವಾಸವಿದ್ದ ಮನೆ ಗ್ಯಾರಿಬಾಲ್ಡಿ ಬೀದಿಯಲ್ಲಿ ಇಂದಿಗೂ ಇದೆ.

ಆರಿದ ದೀಪವನ್ನು ಮತ್ತೆ ಹಚ್ಚಲು ಇನ್ನೂರು ವರ್ಷ ಬೇಕಾಯಿತು. 1930ರಲ್ಲಿ ಫಿಯೊರಿನಿ ಎಂಬ ಪಿಟೀಲು ತಯಾರಕ ತಾನು ಕೊಂಡಿಟ್ಟಿದ್ದ ಸ್ಟ್ರಾಡಿವರಿಯ ಅಚ್ಚು, ಉಪಕರಣಗಳನ್ನು ಊರಿಗೆ ಉಚಿತವಾಗಿ ಕೊಟ್ಟ. 1938ರಲ್ಲಿ ಪಿಟೀಲು ತಯಾರಿಕೆಯ ಶಾಲೆ ಆರಂಭವಾಯಿತು. ಇಂದು ಜಪಾನ್, ಕೊರಿಯಾ, ಚೀನಾ ಸೇರಿದಂತೆ ಹಲವು ದೇಶಗಳ ಯುವಕ ಯುವತಿಯರು ಅಲ್ಲಿ ಕಲಿಯುತ್ತಾರೆ. ಒಂದು ಕಾಲದಲ್ಲಿ ತಂದೆಯಿಂದ ಮಗನಿಗೆ ಮಾತ್ರ ದಾಟುತ್ತಿದ್ದ ವಿದ್ಯೆ ಈಗ ಕಲಿಯಲು ಬಂದವರೆಲ್ಲರದು. 2012ರಲ್ಲಿ ಯುನೆಸ್ಕೊ ಈ ಕರಕುಶಲವನ್ನು ಮಾನವಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು.

ಸ್ಟ್ರಾಡಿವರಿಯ ರಹಸ್ಯ ಯಾವುದೆಂದು ಬಹಳ ಮಂದಿ ಕೇಳುತ್ತಾರೆ. ವಾರ್ನಿಶ್ ಇರಬಹುದೆಂದು ಕೆಲವರು, ಮರ ಇರಬಹುದೆಂದು ಕೆಲವರು. ಆದರೆ 2012ರಲ್ಲಿ ಪ್ಯಾರಿಸ್‌ನಲ್ಲಿ ಹತ್ತು ಮಂದಿ ಖ್ಯಾತ ವಾದಕರಿಗೆ ಕಪ್ಪು ಕನ್ನಡಕ ತೊಡಿಸಿ ಹಳೆಯ ಮತ್ತು ಹೊಸ ಪಿಟೀಲುಗಳನ್ನು ನುಡಿಸಲು ಕೊಟ್ಟಾಗ, ಆರು ಮಂದಿ ಮೆಚ್ಚಿ ಆರಿಸಿದ್ದು ಹೊಸದನ್ನೇ! ಕಲಿಯುವ ಮನಸ್ಸಿರುವ ಇಂದಿನ ಕೈಗಳೂ ಆ ಎತ್ತರ ಮುಟ್ಟಬಲ್ಲವು ಎಂದಾಯಿತು.

ಊರೇ ಮೌನವಾದಾಗ

ವಸ್ತುಸಂಗ್ರಹಾಲಯದ ಹಳೆಯ ವಾದ್ಯಗಳನ್ನು ಗಾಜಿನೊಳಗೆ ಸುಮ್ಮನೆ ಇಟ್ಟಿಲ್ಲ. ನಿಯಮಿತವಾಗಿ ಹೊರತೆಗೆದು ನುಡಿಸುತ್ತಾರೆ. ಹಾಗಿದ್ದರೂ ಮರಕ್ಕೂ ಮುಪ್ಪು ತಪ್ಪದು. ಅವು ನುಡಿಯಲಾರದ ದಿನ ಬರುವ ಮೊದಲು ಸ್ವರಗಳನ್ನು ದಾಖಲಿಸಿಡಲು 2019ರ ಜನವರಿಯಲ್ಲಿ ಒಂದು ಕೆಲಸ ನಡೆಯಿತು. ನಾಲ್ಕು ವಾದ್ಯಗಳ ಒಂದೊಂದು ಸ್ವರವನ್ನೂ ಐದು ವಾರಗಳ ಕಾಲ ಧ್ವನಿಮುದ್ರಿಸಿದರು. ಮೈಕುಗಳು ಎಷ್ಟು ಸೂಕ್ಷ್ಮವಾಗಿದ್ದವೆಂದರೆ ಬೀದಿಯ ಕಾರಿನ ಸದ್ದು, ಕಲ್ಲುಹಾಸಿನ ಮೇಲಿನ ಚಪ್ಪಲಿಯ ಸಪ್ಪಳವೂ ಕೇಳಿಸುತ್ತಿತ್ತು. ಆದ್ದರಿಂದ ಮೇಯರ್ ಸುತ್ತಲಿನ ಬೀದಿಗಳಲ್ಲಿ ವಾಹನ ನಿಲ್ಲಿಸಿ, ಸದ್ದು ಮಾಡದಿರಲು ಜನರನ್ನು ಕೇಳಿಕೊಂಡರು. ಒಂದು ಪರಂಪರೆಗಾಗಿ ನೆರೆಕೆರೆಯವರೆಲ್ಲ ಮೆಲ್ಲಗೆ ನಡೆದರು.

ನಮಗೂ ಇರುವ ನಂಟು

ಪಿಟೀಲು ತಯಾರಕನಿಗೆ ಇಟಲಿಯಲ್ಲಿ 'ಲಿಯುತಾಯೊ' ಎನ್ನುತ್ತಾರೆ. ಲಿಯುತೊ ಎಂಬುದು ಒಂದು ತಂತಿವಾದ್ಯದ ಹೆಸರು. ಅದು ಬಂದದ್ದು ಅರಬಿಯ 'ಅಲ್ ಊದ್' ಎಂಬುದರಿಂದ. ಊದ್ ಎಂದರೆ ಕಟ್ಟಿಗೆ. ನಮ್ಮ ಮನೆಗಳಲ್ಲಿ ಕೆಂಡದ ಮೇಲಿಡುವ ಪರಿಮಳದ ಊದ್ ಕೂಡ ಇದೇ ಪದ.

ಇನ್ನೂ ದೊಡ್ಡ ನಂಟೊಂದಿದೆ. 12ನೇ ಶತಮಾನದಲ್ಲಿ ಇದೇ ಊರಿನ ಜೆರಾರ್ಡ್ ಎಂಬ ವಿದ್ವಾಂಸ (1114–1187), ಲ್ಯಾಟಿನ್‌ನಲ್ಲಿ ಸಿಗದ ಟಾಲೆಮಿಯ ಖಗೋಳ ಗ್ರಂಥವನ್ನು ಹುಡುಕಿಕೊಂಡು ಸ್ಪೇನಿನ ತೊಲೆದೊ ನಗರಕ್ಕೆ ಹೋದ. ಅಲ್ಲಿ ಅರಬಿ ಗ್ರಂಥಗಳ ರಾಶಿ ಕಂಡು ಬೆರಗಾಗಿ ಅರಬಿ ಕಲಿತ. 70ಕ್ಕೂ ಹೆಚ್ಚು ಗ್ರಂಥಗಳನ್ನು ಲ್ಯಾಟಿನ್‌ಗೆ ತಂದ. ಇಬ್ನ್ ಸೀನಾರ ವೈದ್ಯಗ್ರಂಥ, ಅಝ್ಝಹ್ರಾವಿಯವರ ಶಸ್ತ್ರಚಿಕಿತ್ಸೆ, ಅಲ್ ಖ್ವಾರಿಝ್ಮಿಯವರ ಬೀಜಗಣಿತ ಅವನ ಮೂಲಕ ಯುರೋಪಿನ ವಿದ್ಯಾಲಯಗಳಿಗೆ ತಲುಪಿದವು. ಇಬ್ನ್ ಸೀನಾರ ಗ್ರಂಥವನ್ನು ಅಲ್ಲಿ 17ನೇ ಶತಮಾನದವರೆಗೂ ಪಾಠ ಮಾಡುತ್ತಿದ್ದರು.

ಪಿಟೀಲು ನಮ್ಮ ನಾಡಿಗೂ ಹೊಸತಲ್ಲ. ಏಳು ತಂತಿಯ ಪಿಟೀಲು ನುಡಿಸಿದ ಮೈಸೂರಿನ ಟಿ. ಚೌಡಯ್ಯನವರ ನೆನಪಿನ ಭವನ ಬೆಂಗಳೂರಿನಲ್ಲಿ ಪಿಟೀಲಿನ ಆಕಾರದಲ್ಲೇ ನಿಂತಿದೆ.

ಕ್ರೆಮೋನಾಕ್ಕೆ ಹೋದವರು ತರುವ ತಿನಿಸು 'ತೊರೋನೆ'. ಜೇನು, ಮೊಟ್ಟೆಯ ಬಿಳಿ ಮತ್ತು ಬಾದಾಮಿಯಿಂದ ಮಾಡುವ ಮಿಠಾಯಿ. ಕೊಳ್ಳುವ ಮೊದಲು ಹೊದಿಕೆಯ ಮೇಲಿನ ಸಾಮಗ್ರಿಗಳ ಪಟ್ಟಿ ಓದಿಕೊಳ್ಳಿ. 'ಮೊಸ್ತಾರ್ದಾ' ಎಂಬುದು ಸಕ್ಕರೆ ಪಾಕದಲ್ಲಿ ಇಡಿಯ ಹಣ್ಣುಗಳನ್ನು ಹಾಕಿ ಸಾಸಿವೆಯ ಘಾಟು ಸೇರಿಸಿದ ಸಿಹಿ ಉಪ್ಪಿನಕಾಯಿ. ಮೊದಲ ತುತ್ತಿಗೆ ಕಣ್ಣಲ್ಲಿ ನೀರು, ಎರಡನೆಯದಕ್ಕೆ ಇನ್ನೊಂದು ಬೇಕೆನಿಸುತ್ತದೆ.

ನಮ್ಮ ಮನೆಗಳಲ್ಲಿಯೂ ವಿದ್ಯೆಗಳಿವೆ. ಹೊಲಿಗೆ, ಕಸೂತಿ, ಮನೆಮದ್ದು, ಅಡುಗೆಯ ಹದ. ಅಮ್ಮನ ಕೈಯಲ್ಲಿದ್ದದ್ದು ಅಮ್ಮನೊಂದಿಗೇ ಹೋದ ಮನೆಗಳು ಎಷ್ಟಿಲ್ಲ! ಮಗಳಿಗೆ ಕಲಿಸಲಾಗದಿದ್ದರೆ ಸೊಸೆಗೆ, ಸೊಸೆಗೆ ಪುರುಸೊತ್ತಿಲ್ಲದಿದ್ದರೆ ನೆರೆಮನೆಯ ಹುಡುಗಿಗೆ ಕಲಿಸಬಹುದಲ್ಲವೇ? ನಿಕೊಲೊ ಅಮಾತಿಗೆ ಬಾಗಿಲು ತೆರೆಯಲು ಒಂದು ಪ್ಲೇಗ್ ಬರಬೇಕಾಯಿತು. ನಾವು ಅಲ್ಲಿಯವರೆಗೆ ಕಾಯಬೇಕಾಗಿಲ್ಲ.