ನನ್ನ ಹೆಸರಿನ ಕೊನೆಯಲ್ಲಿರುವ ಚೀಲ

ಫಸ್ಟ್ ಸೆಮ್‌ನ ಮೊದಲ ವಾರ. ಮ್ಯಾಥ್ಸ್ ಕ್ಲಾಸಿನಲ್ಲಿ ಅಟೆಂಡೆನ್ಸ್ ಕೂಗುತ್ತಿದ್ದ ಸರ್ ನನ್ನ ಹೆಸರು ಬಂದಾಗ ಒಂದು ಕ್ಷಣ ತಡೆದರು. ಆಮೇಲೆ ಇಂಗ್ಲಿಷ್ ಅಕ್ಷರಗಳಲ್ಲಿದ್ದ ನನ್ನ ಅಡ್ಡಹೆಸರನ್ನು "ಹಡ್‌ಪ್ಯಾಡ್" ಅಂತ ಓದಿದರು. ಹಿಂದಿನ ಬೆಂಚಿನಿಂದ ಯಾರೋ "ಐಪ್ಯಾಡ್ ಸರ್" ಅಂದ. ಅಷ್ಟೇ, ಅವತ್ತಿನಿಂದ ಹಾಸ್ಟೆಲ್, ಕ್ಯಾಂಟೀನ್, ಲ್ಯಾಬು ಎಲ್ಲ ಕಡೆ ನಾನು ಐಪ್ಯಾಡ್. ಬಿಹಾರದ ರೂಮ್‌ಮೇಟ್ ಇನ್ನೂ ಒಂದು ಹೆಜ್ಜೆ ಮುಂದೆ ಹೋದ. ಹಿಂದಿಯಲ್ಲಿ 'ಹಡಪ್' ಅಂದರೆ ಇನ್ನೊಬ್ಬರದ್ದನ್ನು ನುಂಗಿ ಹಾಕೋದು. ಹಾಗಾಗಿ ಅವನ ಬಿಸ್ಕೆಟ್ ಪ್ಯಾಕೆಟ್ ಕಾಣೆಯಾದಾಗಲೆಲ್ಲ ಮೊದಲ ಆರೋಪಿ ನಾನೇ!

ಇದ್ಯಾವುದಕ್ಕೂ ನನಗೆ ಬೇಜಾರಾಗಲಿಲ್ಲ. ಬೇಜಾರಾಗಿದ್ದು ಇನ್ನೊಂದಕ್ಕೆ. ಒಂದು ರಾತ್ರಿ ಮೆಸ್ಸಿನಲ್ಲಿ ಊಟಕ್ಕೆ ಕೂತಾಗ ಬೆಂಗಳೂರಿನ ಗೆಳೆಯನೊಬ್ಬ ಕೇಳಿದ: "ಮಗಾ, ನಿಮ್ ಕಡೆ ಸರ್‌ನೇಮ್ ಎಲ್ಲ ಚೆನ್ನಾಗಿರ್ತವೆ. ಮೆಣಸಿನಕಾಯಿ, ಉಳ್ಳಾಗಡ್ಡಿ, ಬೆಲ್ಲದ... ಎಲ್ಲಕ್ಕೂ ಏನೋ ಮೀನಿಂಗ್ ಇರುತ್ತೆ. ಹಡಪದ ಅಂದ್ರೆ ಏನು?"

ಏನು ಹೇಳಬೇಕು ಅನ್ನೋದು ನನಗೆ ಗೊತ್ತಿತ್ತು. ನಮ್ಮ ಕಡೆ ಹಡಪದ ಅಂದರೆ ಕ್ಷೌರ ಮಾಡೋರು. ನಮ್ಮಪ್ಪನದು ಊರಲ್ಲಿ ಎರಡು ಕುರ್ಚಿಯ ಕಟಿಂಗ್ ಶಾಪ್. ಆದರೆ ಬಾಯಿಂದ ಬಂದಿದ್ದು ಬೇರೆ: "ಗೊತ್ತಿಲ್ಲಪ್ಪ, ಯಾವ್ದೋ ಊರಿನ ಹೆಸರಿರಬೇಕು."

ಆ ಸುಳ್ಳು ಎರಡು ವರ್ಷ ಹಾಗೇ ಉಳಿಯಿತು. ಐದನೇ ಸೆಮ್‌ನಲ್ಲಿ ಪ್ಲೇಸ್‌ಮೆಂಟಿಗೆ ರೆಸ್ಯೂಮೆ ಮಾಡುವಾಗ ಅಡ್ಡಹೆಸರು ತೆಗೆದು ಬರೀ 'ಎಚ್.' ಅಂತ ಇನಿಷಿಯಲ್ ಹಾಕಿದರೆ ಹೇಗೆ ಅಂತಲೂ ಯೋಚಿಸಿದೆ. ಅದೇ ಹೊತ್ತಿಗೆ ನಮ್ಮ ಕನ್ನಡ ಸಂಘದ ರಾಜ್ಯೋತ್ಸವಕ್ಕೆ 'ನನ್ನ ಹೆಸರಿನ ಕಥೆ' ಅಂತ ಐದು ನಿಮಿಷದ ಮಾತು ಇಟ್ಟರು. ಹೆಸರು ಕೊಟ್ಟೆ. ಯಾಕೆ ಕೊಟ್ಟೆ ಅಂದರೆ, ಎಲ್ಲಾದರೂ ಒಂದು ಮರ್ಯಾದಸ್ಥ ಅರ್ಥ ಸಿಗಬಹುದು ಅನ್ನೋ ಆಸೆ. ಲೈಬ್ರರಿಯ ರೆಫರೆನ್ಸ್ ವಿಭಾಗಕ್ಕೆ ಹೋದೆ.

ಸಿಕ್ಕಿತು! ಕಿಟೆಲ್ ನಿಘಂಟಿನಲ್ಲೇ (1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದದ್ದು) ಇತ್ತು. ಹಡಪ, ಅಡಪ ಎರಡೂ ಒಂದೇ. ಅರ್ಥ: ಎಲೆ ಅಡಿಕೆ ಇಡುವ ಚೀಲ. ಇದು ನಮ್ಮ ಭಾಷೆಯಲ್ಲಿ ಮಾತ್ರ ಇರುವ ಪದವೂ ಅಲ್ಲ. ತೆಲುಗಿನಲ್ಲಿ ಅಡಪಮು, ತಮಿಳಿನಲ್ಲಿ ಅಡೈಪ್ಪೈ. ತಮಿಳಿನ ಪದ ಬಿಡಿಸಿದರೆ ಗುಟ್ಟು ತಿಳಿಯುತ್ತದೆ. ಅಡೈ ಅಂದರೆ ವೀಳ್ಯದೆಲೆ, ಪೈ ಅಂದರೆ ಚೀಲ. ಅದೇ 'ಅಡೈ'ಗೆ 'ಕಾಯಿ' ಸೇರಿದರೆ ಅಡೈಕ್ಕಾಯ್, ಅಂದರೆ ನಮ್ಮ ಅಡಕೆ, ಅಡಿಕೆ. ಅದರದ್ದೇ ಮಲಯಾಳಂ ರೂಪ ಪೋರ್ಚುಗೀಸರ ಬಾಯಿಗೆ ಬಿದ್ದು ಇಂಗ್ಲಿಷಿನ 'ಅರಿಕಾ' ಆಯಿತು. ಅಂದರೆ ಬಾಟನಿ ಪುಸ್ತಕದ ಅರಿಕಾ ಮತ್ತು ನನ್ನ ಅಡ್ಡಹೆಸರು ದೂರದ ಅಣ್ಣತಮ್ಮಂದಿರು!

ಆಮೇಲೆ ನಾನು ಬಿಡಲಿಲ್ಲ. ಹಳೆಯ ಕಾಲದಲ್ಲಿ ಎಲೆ ಅಡಿಕೆಯ ಚೀಲ ಹಿಡಿಯೋದು ಸಣ್ಣ ಕೆಲಸವಾಗಿರಲಿಲ್ಲ. ರಾಜನ ಬಾಯಿಗೆ ಹೋಗುವ ವಸ್ತು ಅದು, ವಿಷ ಹಾಕೋಕೆ ಅದಕ್ಕಿಂತ ಸುಲಭದ ದಾರಿ ಇಲ್ಲ. ಆದ್ದರಿಂದ ಪೂರ್ತಿ ನಂಬಿಕೆ ಇರುವವರ ಕೈಗೇ ಆ ಚೀಲ ಹೋಗುತ್ತಿತ್ತು. ಸದಾ ರಾಜನ ಪಕ್ಕದಲ್ಲೇ ಇರುವುದರಿಂದ ರಾಜ್ಯದ ಗುಟ್ಟೆಲ್ಲ ಅವರ ಕಿವಿಗೂ ಬೀಳುತ್ತಿತ್ತು. ಬಾಣನ 'ಕಾದಂಬರಿ'ಯಲ್ಲಿ ಪತ್ರಲೇಖೆ ಅನ್ನುವ ರಾಜಕುಮಾರಿಯೇ ಚಂದ್ರಾಪೀಡನ ತಾಂಬೂಲದ ಕರಂಡಕ ಹಿಡಿಯುತ್ತಾಳೆ. ನಮ್ಮ ಹಳೆಯ ಶಾಸನಗಳಲ್ಲಿ 'ಹಡಪವಳ' ಅಂತ ಒಂದು ಅಧಿಕಾರಿಯ ಹುದ್ದೆಯೇ ಬರುತ್ತದೆ.

ವಿಜಯನಗರದ ಲೆಕ್ಕ ನೋಡಿ ತಲೆ ತಿರುಗಿತು. 1443ರಲ್ಲಿ ಬಂದ ಪರ್ಷಿಯಾದ ರಾಯಭಾರಿ ಅಬ್ದುರ್ ರಜಾಕ್, ದೇವರಾಯನನ್ನು ಕಂಡಾಗಲೆಲ್ಲ ತನಗೆ ಎರಡು ಕಟ್ಟು ವೀಳ್ಯ, 500 ಪಣದ ಚೀಲ ಮತ್ತು ಕರ್ಪೂರ ಕೊಡುತ್ತಿದ್ದರು ಅಂತ ಬರೆದಿದ್ದಾನೆ. ಪೋರ್ಚುಗೀಸ್ ವ್ಯಾಪಾರಿ ನ್ಯೂನಿಜ್, ಕೃಷ್ಣದೇವರಾಯ ರಾಯಚೂರಿನ ಮೇಲೆ ದಂಡೆತ್ತಿ ಹೋದಾಗಿನ ಸೈನ್ಯದ ಪಟ್ಟಿ ಕೊಡುತ್ತಾನೆ. ಅದರಲ್ಲಿ ರಾಯನಿಗೆ ವೀಳ್ಯ ಕೊಡುವವನ ಹೆಸರಿನಲ್ಲಿ 15,000 ಕಾಲಾಳು, 200 ಕುದುರೆ! ಆನೆ ಮಾತ್ರ ಇರಲಿಲ್ಲವಂತೆ.

ಇನ್ನು ನಮ್ಮವರ ಪೈಕಿ ಎಲ್ಲರಿಗಿಂತ ದೊಡ್ಡ ಹೆಸರು ಹಡಪದ ಅಪ್ಪಣ್ಣ. 12ನೇ ಶತಮಾನದ ಕಲ್ಯಾಣದಲ್ಲಿ ಬಸವಣ್ಣನವರ ಜೊತೆಗಿದ್ದವರು. ಹುಟ್ಟಿದ್ದು ಬಸವನ ಬಾಗೇವಾಡಿ ಕಡೆಯ ಮಸಬಿನಾಳ ಅಂತಾರೆ. 'ಬಸವಪ್ರಿಯ ಕೂಡಲಚೆನ್ನಬಸವಣ್ಣ' ಅವರ ಅಂಕಿತ. ಹೆಂಡತಿ ಲಿಂಗಮ್ಮ ಕೂಡ ವಚನಕಾರ್ತಿ. ಕಲ್ಯಾಣದ ಗಲಭೆ ಆದ ಮೇಲೆ ಬಸವಣ್ಣನವರ ಹೆಂಡತಿ ನೀಲಮ್ಮನನ್ನು ಕೂಡಲಸಂಗಮಕ್ಕೆ ಕರೆದುಕೊಂಡು ಬರುವ ಹೊಣೆ ಅಪ್ಪಣ್ಣನವರ ಮೇಲೇ ಬಿತ್ತು ಅಂತ ನಮ್ಮ ಕಡೆ ಹೇಳ್ತಾರೆ. ಕೃಷ್ಣೆಯ ದಂಡೆಯ ತಂಗಡಗಿಯಲ್ಲಿ ಇಬ್ಬರ ನೆನಪೂ ಇದೆ. ಚಿಕ್ಕವನಿದ್ದಾಗ ಅಲ್ಲಿಗೆ ಎತ್ತಿನಗಾಡಿಯಲ್ಲಿ ಹೋಗಿದ್ದು ನನಗೂ ಮಸುಕಾಗಿ ನೆನಪಿದೆ.

ಇನ್ನೊಬ್ಬರೂ ಸಿಕ್ಕರು. ಚಿಕ್ಕದೇವರಾಜ ಒಡೆಯರ ಅರಮನೆಯಲ್ಲಿದ್ದು 'ಹದಿಬದೆಯ ಧರ್ಮ' ಬರೆದ ಸಂಚಿ ಹೊನ್ನಮ್ಮ. ಸಂಚಿ ಅಂದರೂ ಎಲೆ ಅಡಿಕೆಯ ಚೀಲವೇ, ರಾಣಿಯ ಸಂಚಿ ಹಿಡಿಯುವುದು ಅವರ ಕೆಲಸ. ಚೀಲ ಹಿಡಿದ ಕೈಯಲ್ಲೇ ಕಂಠ ಹಿಡಿದವರು ಕನ್ನಡದಲ್ಲಿ ಇಬ್ಬರಿದ್ದಾರೆ!

ರಾಜ್ಯೋತ್ಸವದ ದಿನ ಇದನ್ನೆಲ್ಲ ಹೇಳಿದೆ. ಹದಿನೈದು ಸಾವಿರ ಕಾಲಾಳು ಅಂದಾಗ ಶಿಳ್ಳೆ ಬಿತ್ತು. ಬೆಂಗಳೂರಿನ ಗೆಳೆಯ ಕೆಳಗಿಳಿದ ತಕ್ಷಣ ಬೆನ್ನು ತಟ್ಟಿ, "ಊರಿನ ಹೆಸರು ಅಂದಿದ್ದೆ, ನೀನು ನೋಡಿದ್ರೆ ರಾಯಲ್ ಫ್ಯಾಮಿಲಿ!" ಅಂದ. ಎರಡನೇ ಬಹುಮಾನವೂ ಬಂತು.

ನಾನು ಹೇಳದೆ ಬಿಟ್ಟಿದ್ದು ಒಂದೇ ಸಾಲು. ಕಿಟೆಲ್‌ನಲ್ಲಿ ಆ ಪದಕ್ಕೆ ಇನ್ನೊಂದು ಅರ್ಥವೂ ಇತ್ತು: ಕ್ಷೌರಿಕನ ಚೀಲ.

ಸಂಕ್ರಾಂತಿಗೆ ಊರಿಗೆ ಹೋದೆ. ಬಸ್ ಇಳಿದು ಸೀದಾ ಅಂಗಡಿಗೆ ಹೋದರೆ ಅಪ್ಪ ಒಬ್ಬ ಮುದುಕರ ಗಲ್ಲಕ್ಕೆ ನೊರೆ ಹಚ್ಚುತ್ತಿದ್ದ. ಬೆಂಚಿನ ಮೇಲೆ ಕೂತು ಬಹುಮಾನದ ಸುದ್ದಿ ಹೇಳಿದೆ, ಜೊತೆಗೆ ವಿಜಯನಗರ, ವೀಳ್ಯ, ಕಾಲಾಳು ಎಲ್ಲ. ಮುದುಕರು ನೊರೆಯೊಳಗಿಂದಲೇ "ನಿನ್ನ ಮಗ ಭಾಳ ಶಾಣ್ಯಾ ಆಗ್ಯಾನ ಬಿಡಪಾ" ಅಂದರು. ಅಪ್ಪ ಕತ್ತಿ ಆಡಿಸುತ್ತಲೇ ಕೇಳಿದ:

"ಮಂದಿ ಮುಂದ ಇದನ್ನೆಲ್ಲಾ ಹೇಳಿದಿ?"

"ಹೂಂ."

"ನಾ ಏನ್ ಮಾಡ್ತೀನಿ ಅಂತ ಹೇಳಿದಿ?"

ನಾನು ಮಾತಾಡಲಿಲ್ಲ. ಅಪ್ಪನೂ ಮತ್ತೆ ಕೇಳಲಿಲ್ಲ. ಅಂಗಡಿಯಲ್ಲಿ ಕತ್ತಿಯ ಸರಸರ ಸದ್ದು ಮಾತ್ರ.

ರಾತ್ರಿ ಊಟ ಆದ ಮೇಲೆ ಅಪ್ಪ ಅಟ್ಟದ ಮೇಲಿಂದ ಒಂದು ಗಂಟು ಇಳಿಸಿದ. ಧೂಳು ಕೊಡವಿ ಬಿಚ್ಚಿದರೆ ಒಳಗೆ ಮುತ್ಯಾನ ಹಳೆಯ ಚೀಲ. ನಾನು ಚಿಕ್ಕವನಿದ್ದಾಗಲೇ ಮುತ್ಯಾ ಹೋಗಿದ್ದ. ಆ ಚೀಲ ಅವನ ಹೆಗಲ ಮೇಲಿದ್ದದ್ದು ಮಾತ್ರ ನೆನಪಿತ್ತು. ಒಳಗೆ ಸಣ್ಣ ಸಣ್ಣ ಅರೆಗಳು. ಒಂದರಲ್ಲಿ ತುಕ್ಕು ಹಿಡಿದ ಕತ್ತಿ, ಒಂದರಲ್ಲಿ ಕತ್ತರಿ, ಸಾಣಿಕಲ್ಲು, ಉಗುರು ತೆಗೆಯುವ ಸಣ್ಣ ಉಳಿ, ಮೂಲೆ ಒಡೆದ ಅಂಗೈ ಅಗಲದ ಕನ್ನಡಿ. ಪಕ್ಕದ ಅರೆಯಲ್ಲಿ ಒಂದು ಸುಣ್ಣದ ಡಬ್ಬಿ, ಅಡಕೊತ್ತು. ಮುತ್ಯಾನಿಗೆ ಎಲೆ ಅಡಿಕೆಯ ಚಟ ಬಹಳವಿತ್ತಂತೆ.

"ನಿಮ್ಮುತ್ಯಾ ಇದಕ್ಕ ಹಡಪ ಅಂತಿದ್ದ" ಅಂದ ಅಪ್ಪ. "ನಿನ್ನ ಪುಸ್ತಕದಾಗಿಂದೂ ಖರೇನ ಇರಬೇಕು, ನಾ ಇಲ್ಲ ಅನ್ನಂಗಿಲ್ಲ. ಆದ್ರ ಇದೂ ಹಡಪನ."

ಮುತ್ಯಾ ಈ ಚೀಲ ಹೆಗಲಿಗೆ ಹಾಕಿಕೊಂಡು ಮನೆ ಮನೆಗೆ ಹೋಗುತ್ತಿದ್ದ. ಊರಿನ ಆಯಗಾರರಲ್ಲಿ ಅವನೂ ಒಬ್ಬ. ವರ್ಷವಿಡೀ ಕ್ಷೌರ ಮಾಡಿದ್ದಕ್ಕೆ ಸುಗ್ಗಿಯಲ್ಲಿ ಕಣಕ್ಕೆ ಹೋದರೆ ಇಷ್ಟು ಜೋಳ ಅಂತ ಆಯ ಹಾಕುತ್ತಿದ್ದರು. ಮದುವೆಯಲ್ಲಿ ಮದುಮಗನ ಉಗುರು ತೆಗೆಯೋಕೆ ಅವನೇ ಬೇಕು. ಸತ್ತ ಮನೆಯಲ್ಲಿ ತಲೆ ಬೋಳಿಸೋಕೂ ಅವನೇ ಬೇಕು. ಆದರೆ ಬೆಳಿಗ್ಗೆ ಎದ್ದು ಹೊರಟವರಿಗೆ ಅವನು ಎದುರಾದರೆ ಮಾತ್ರ ಅಪಶಕುನ. ಕೆಲವರು ಅವನನ್ನು ಕರೆಯುತ್ತಿದ್ದ ಶಬ್ದ ನಾನು ಇಲ್ಲಿ ಬರೆಯುವುದಿಲ್ಲ. ಇವತ್ತಿಗೂ ಬೈಗುಳದ ಹಾಗೆ ಬಳಸುತ್ತಾರೆ, ಹಾಸ್ಟೆಲಿನಲ್ಲೂ ಕೇಳಿದ್ದೇನೆ.

ಅಪ್ಪ ಇನ್ನೊಂದು ಮಾತನ್ನೂ ಮುಚ್ಚಿಡಲಿಲ್ಲ. "ಈ ಹಡಪ ಊರೆಲ್ಲಾ ಅಡ್ಡಾಡೈತಿ. ಒಂದ್ ಓಣಿಗಿ ಮಾತ್ರ ಹೋಗಿಲ್ಲ. ಊರಾವ್ರು ಬಿಡತಿದ್ದಿಲ್ಲ ಅನ್ನೂದು ಖರೆ. ಆದ್ರ ನಿಮ್ಮುತ್ಯಾನೂ ಹೋಗಾಕ ತಯಾರಿದ್ದಿಲ್ಲ. ನಾ ಅಂಗಡಿ ಇಟ್ಟ ಮೊದಲ ವರ್ಷ ಆ ಓಣಿ ಹುಡುಗ ಬಂದು ಕುರ್ಚಿ ಮ್ಯಾಲ ಕುಂತ. ನಾಕ ಮಂದಿ ಎದ್ದು ಹೋದ್ರು."

"ನೀ ಏನ್ ಮಾಡಿದಿ?"

"ಕಟಿಂಗ್ ಮಾಡಿದೆ, ಮತ್ತೇನ್ ಮಾಡೂದು? ಎದ್ದು ಹೋದಾವ್ರ ಕೂದಲಾನೂ ಬೆಳದ್ವು. ತಿಂಗಳಾದ ಮ್ಯಾಲ ಬಂದ್ರು."

ನಾನು ನಕ್ಕೆ. ಅಪ್ಪನೂ ನಕ್ಕ. ಆಮೇಲೆ ಚೀಲ ಮತ್ತೆ ಕಟ್ಟುತ್ತ ಹೇಳಿದ: "ರಾಜಗ ಎಲಿ ಕೊಡಾಂವ ನಂಬಿಗಿ ಮನಶಾ ಇರಬೇಕು ಅಂದಿ. ದಿನಾ ಇಪ್ಪತ್ತು ಮಂದಿ ನನ್ನ ಮುಂದ ಕುತ್ತಿಗಿ ಚಾಚಿ ಕಣ್ಣ ಮುಚ್ಚತಾರ. ಕೈಯಾಗ ಕತ್ತಿ ಇರತೈತಿ. ಅದೇನ್ ನಂಬಿಗಿ ಅಲ್ಲೇನು?"

ಇದಕ್ಕೆ ಕಿಟೆಲ್‌ನಲ್ಲೂ ಉತ್ತರ ಇರಲಿಲ್ಲ.

ಹಾಸ್ಟೆಲಿಗೆ ಬಂದ ಮೇಲೆ ಇದನ್ನೇ ಯೋಚಿಸಿದೆ. ನಾನು ಲೈಬ್ರರಿಗೆ ಹೋಗಿದ್ದು ಅರ್ಥ ಹುಡುಕೋಕೆ ಅಂದುಕೊಂಡಿದ್ದೆ. ನಿಜವಾಗಿ ಹೋಗಿದ್ದು ಒಂದು ಅರ್ಥದಿಂದ ತಪ್ಪಿಸಿಕೊಳ್ಳೋಕೆ. ಎಲೆ ಅಡಿಕೆಯ ಚೀಲ ಸುಳ್ಳಲ್ಲ, ಅಪ್ಪಣ್ಣನವರೂ ಸುಳ್ಳಲ್ಲ. ಆದರೆ ನಾನು ಓದಿದ್ದು, ಬೆಳೆದಿದ್ದು, ಈ ಕಾಲೇಜಿನ ಫೀಸು ಕಟ್ಟಿದ್ದು ಎರಡನೇ ಚೀಲದಿಂದ. ಕೃಷ್ಣದೇವರಾಯ ನನ್ನ ಒಂದು ಸೆಮ್‌ನ ಫೀಸೂ ಕಟ್ಟಿಲ್ಲ.

ವ್ಯಾಕರಣದ ಒಂದು ವಿಷಯವೂ ಆಗ ಹೊಳೆಯಿತು. ಹಡಪ ಅನ್ನೋದು ಪದ, ಹಡಪ-ದ ಅನ್ನೋದು ಷಷ್ಠೀ ವಿಭಕ್ತಿ. ಬೆಲ್ಲದ, ಹಡಪದ, ಅಂಥ ನಮ್ಮ ಕಡೆಯ ಹೆಸರುಗಳೆಲ್ಲ ಹೀಗೇ. 'ಚೀಲದ' ಅಂದಮೇಲೆ ಮುಂದೆ ಇನ್ನೊಂದು ಪದ ಬರಬೇಕು. ಹಳಬರು ಅದನ್ನು ಮುಂದೆಯೇ ಇಟ್ಟು ಹಡಪದ ಅಪ್ಪಣ್ಣ, ಹಡಪದ ಲಿಂಗಮ್ಮ ಅಂದರು. ಫಾರ್ಮ್ ತುಂಬುವ ನಾವು ಅದನ್ನು ಕೊನೆಗೆ ತಳ್ಳಿ, ಮುಂದಿನ ಜಾಗ ಖಾಲಿ ಬಿಟ್ಟಿದ್ದೇವೆ.

ಈ ಬರಹ ಯಾಕೆ ಅಂದರೆ, ರಾಜ್ಯೋತ್ಸವದ ದಿನ ಶಿಳ್ಳೆ ಹೊಡೆದ ನಿಮಗೆ ನಾನು ಅರ್ಧ ಕಥೆ ಹೇಳಿದ್ದೆ. ಉಳಿದರ್ಧ ಇದು. ಬೆಂಗಳೂರಿನ ಗೆಳೆಯನಿಗೆ ಮೊದಲೇ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಎರಡು ವರ್ಷ ಊರಿನ ಹೆಸರು ಅಂತ ಯಾಕೆ ಹೇಳ್ದೆ?" ಅಂತ ಕೇಳಿದ. ಉತ್ತರ ಹೇಳೋಕೆ ಹೊರಡುವಷ್ಟರಲ್ಲಿ ಅವನೇ, "ಬಿಡು, ಗೊತ್ತಾಯ್ತು" ಅಂದ. ಆಮೇಲೆ, "ಸರಿ, ನಂಗೊಂದು ಫೇಡ್ ಕಟ್ ಮಾಡು" ಅಂದ. ಬರಲ್ಲ ಅಂದೆ. ನಿಜವಾಗಿಯೂ ಬರಲ್ಲ. ಓದು ಕೆಡುತ್ತದೆ ಅಂತ ಅಪ್ಪ ಒಂದು ದಿನವೂ ನನ್ನ ಕೈಗೆ ಕತ್ತರಿ ಕೊಡಲಿಲ್ಲ. ಈ ಸಲ ರಜೆಯಲ್ಲಿ ಕಲಿಸು ಅಂತ ಕೇಳಬೇಕೆಂದಿದ್ದೇನೆ.

ನಿಮ್ಮ ಹೆಸರಿನ ಹಿಂದೆಯೂ ಇಂಥದ್ದೇನೋ ಇರಬಹುದು. ನಿಘಂಟು ನೋಡಿ, ಬೇಡ ಅನ್ನಲ್ಲ. ಆದರೆ ಮನೆಯ ಅಟ್ಟವನ್ನೂ ಒಮ್ಮೆ ನೋಡಿ.

ರೆಸ್ಯೂಮೆಯಲ್ಲಿ ಪೂರ್ತಿ ಹೆಸರೇ ಇದೆ. ಈ ಸೆಮ್‌ನಲ್ಲೂ ಹೊಸ ಮೇಡಂ ಒಬ್ಬರು ಅಟೆಂಡೆನ್ಸ್ ಕೂಗುವಾಗ ತಡೆದು, "ಹಡ್‌ಪ್ಯಾಡ್?" ಅಂದರು. ಎದ್ದು ನಿಂತು ಹೇಳಿದೆ:

"ಹಡಪದ ಮೇಡಂ. ಪ್ರೆಸೆಂಟ್."